ಹಾಜರಿ ಮಿಷಿನ್ನಿನ ಗಂಟಲಿಗೆ ಆಟದ ಚಿಪ್ಪು

"ಅಕ್ಕಾ, ಬಾರೇ ಇಲ್ಲಿ! ನನ್ನ ಮಿಷಿನ್ನಿಗೆ ಮಾತು ಬಂತು!"

ಓಬಕ್ಕ ಒಲೆ ಮೇಲಿನ ಎಸರು ಇಳಿಸಿ, ಮುದ್ದೆ ಕೋಲನ್ನು ಹಿಡಿದುಕೊಂಡೇ ನಡುಮನೆಗೆ ಬಂದಳು. ತಮ್ಮನಿಗೆ ಬಾರಿಸಬೇಕಾಗಿ ಬಂದರೆ ಮತ್ತೆ ಒಳಗೆ ಓಡುವುದು ಯಾಕೆ?

ನಡುಮನೆಯ ಅರ್ಧವನ್ನು ಆ ಮಿಷಿನ್ನೇ ನುಂಗಿತ್ತು. ಬಾಗಿಲು ಹಾಕಿದ ಟಾಕೀಸಿನ ಪಕ್ಕದ ಅಂಗಡಿಯಲ್ಲಿ ಮೂವತ್ತು ವರ್ಷದ ಹಿಂದೆ ಹುಡುಗರು ಕಾಸು ಹಾಕಿ ಆಡುತ್ತಿದ್ದ ವಿಡಿಯೋ ಗೇಮು. ಬೀರುವಿನಷ್ಟು ಎತ್ತರದ ಪೆಟ್ಟಿಗೆ. ಗುಜರಿಗೆ ಹೋಗುತ್ತಿದ್ದ ಅದನ್ನು ಟಿ.ವಿ. ರಿಪೇರಿ ತಿಪ್ಪೇಶಿ ಕೈಗಾಡಿಯಲ್ಲಿ ಹೇರಿಕೊಂಡು ಬಂದಿದ್ದ. ಆ ಕೈಗಾಡಿ ಕರಿಗಲ್ಲೂರು ಪುರಸಭೆಯದು. ಅದನ್ನು ತಳ್ಳುತ್ತ ಹತ್ತೊಂಬತ್ತು ವರ್ಷದಿಂದ ಆ ಊರಿನ ಕಸ ಎತ್ತುತ್ತಿದ್ದವಳು ಓಬಕ್ಕ.

"ಏಳು ತಿಂಗ್ಳಿಂದ ಮೂಗನ ಹಂಗೆ ನಿಂತಿತ್ತಲ್ಲಕ್ಕ, ಯಾಕೆ ಹೇಳು?" ಎಂದ ತಿಪ್ಪೇಶಿ.

"ನಿನ್ನ ಜೊತೆ ಮಾತಾಡಾಕೆ ಅದಕ್ಕೂ ಬೇಜಾರಾಗಿತ್ತೇನೋ."

"ಅಲ್ಲ! ಇದರ ಹಳೇ ಮಿದುಳು ಸತ್ತೋಗಿತ್ತು. ಅದರ ಜಾಗಕ್ಕೆ ಬೆಂಕಿಪೊಟ್ಟಣದಷ್ಟು ಒಂದು ಕಂಪ್ಯೂಟರ್ ಇಟ್ಟೀನಿ. ಅದು ಹಳೇ ಮಿದುಳಿನ ವೇಷ ಹಾಕ್ಕೊಂಡು ಕುಣಿತೈತೆ. ಬಯಲಾಟದಾಗೆ ನಮ್ಮ ಕಟಿಂಗ್ ಶಾಪಿನ ಸಣ್ಣೀರ ರಾವಣ ಆಗಲ್ವಾ, ಹಂಗೆ. ಇದಕ್ಕೆ ಎಮ್ಯುಲೇಶನ್ ಅಂತಾರೆ. ಆದ್ರೆ ರಾವಣ ಅಂದ್ಮೇಲೆ ಆರ್ಭಟ ಬೇಕಲ್ಲ? ಆರ್ಭಟ ಮಾಡೋ ಗಂಟಲೇ ಬೇರೆ, ಈ ಸೌಂಡ್ ಚಿಪ್ಪು!"

ಅವನು ಪೆಟ್ಟಿಗೆಯ ಬೆನ್ನು ಬಿಚ್ಚಿ, ಹದಿನಾರು ಕಾಲಿನ ಕಪ್ಪು ಹುಳುವಿನಂಥದ್ದೊಂದನ್ನು ತೋರಿಸಿದ.

"ಮಿದುಳು ಇದಕ್ಕೆ ಬರೀ ನಂಬರ್ ಹೇಳ್ತದೆ. ಏಳು ಅಂದ್ರೆ ಗುಂಡಿನ ಸದ್ದು, ಒಂಬತ್ತು ಅಂದ್ರೆ ಸಾವಿನ ಸದ್ದು. ಯಾವ ನಂಬರಿಗೆ ಯಾವ ಸದ್ದು ಅನ್ನೋದು ಈ ಹುಳದ ಹೊಟ್ಟೆಯೊಳಗೇ ಬರೆದಿರ್ತದೆ. ಅದೇ ಫರ್ಮ್‌ವೇರು. ಕಾಸು ಬಿದ್ದದ್ದು ಗೊತ್ತಾಗೋದೂ ಇದಕ್ಕೇ. ಕಾಸಿನ ತಂತಿ ಇದರ ಕಾಲಿಗೇ ಬರ್ತದೆ. 'ಠಿಣ್' ಅಂತ ಸದ್ದು ಮಾಡಿ, ಕಾಸು ಬಂತು ಬುದ್ಧೀ ಅಂತ ಮಿದುಳಿಗೆ ಸನ್ನೆ ಮಾಡ್ತದೆ. ಹಳೇ ಚಿಪ್ಪಿನಾಗೆ ಆ ಬರಹ ಅಲ್ಲಲ್ಲಿ ಸವೆದೋಗಿತ್ತು. ಸವೆದ ಜಾಗಕ್ಕೆಲ್ಲ ನಾನೇ ಬರ್ದು ತುಂಬಿಸೀನಿ! ಆಡು ನೋಡನ."

ಓಬಕ್ಕ ಕಾಸು ಹಾಕಿದಳು. ಠಿಣ್! ಪರದೆ ಮೇಲೆ ಒಂದು ಪುಟ್ಟ ವಿಮಾನ, ಮೂಲೆಯಲ್ಲಿ ಮೂರು ಕೆಂಪು ಹೃದಯ. ಎದುರಿನಿಂದ ಸುಣ್ಣದ ಡಬ್ಬಿಯಂಥ ತಟ್ಟೆಗಳು ಹಾರಿ ಬಂದವು. ಪಿಯೂಂ! ಪಿಯೂಂ! ಎಂದು ಗುಂಡು ಹಾರಿಸಿದಳು; ಒಂದೂ ತಾಗಲಿಲ್ಲ. ಢಂ! ಒಂದು ಹೃದಯ ಹೋಯಿತು. ಢಂ! ಇನ್ನೊಂದು. ಢಂ! ಆಮೇಲೆ ಒಂದು ಅಳುಮುಂಜಿ ರಾಗ ಎದ್ದಿತು. ಅದರ ಬೆನ್ನಿಗೇ ಪೆಟ್ಟಿಗೆಯೊಳಗಿಂದ ತಿಪ್ಪೇಶಿಯದೇ ದನಿ, ಅದೂ ಬಯಲಾಟದ ಗತ್ತಿನಲ್ಲಿ: "ಹತ್ತೂ... ಒಂಬತ್ತೂ... ಕಾಸು ಹಾಕಯ್ಯಾ, ಜೀವ ಉಳಿಸಿಕೊಳ್ಳಯ್ಯಾ!"

"ಇದೇನಲೇ, ನೀನು ಒಳಗೆ ಹೊಕ್ಕೊಂಡೀಯಾ?"

"ಮಾತಿದ್ದ ಜಾಗವೆಲ್ಲ ಸವೆದೋಗಿತ್ತಕ್ಕ, ನನ್ನ ದನಿ ತುಂಬಿದೆ. ಈಗ ಕಾಸು ಹಾಕು."

ಹಾಕಿದಳು. ಠಿಣ್! ಜೀವ ವಾಪಸ್ಸು ಬಂತು. ಆದರೆ ಆಟ ಶುರುಮಾಡುವ ಗುಂಡಿ ಒತ್ತದೆ ಅವಳು ಒಲೆ ಕಡೆ ನಡೆದಳು. ಹಿಂದಿನಿಂದ ಪೆಟ್ಟಿಗೆ ಗುಡುಗಿತು: "ಬಾರಯ್ಯಾ ವೀರಾ! ಕಾಸು ಬಿದ್ದೈತೆ, ಬಂದು ಒತ್ತಯ್ಯಾ!" ಮತ್ತೆ ಅದನ್ನೇ, ಇನ್ನೂ ಜೋರಾಗಿ. ಮೂರನೇ ಸಲಕ್ಕೆ ಗೂಡಿನಲ್ಲಿದ್ದ ಲೋಟ ಅದುರಿತು. ತಿಪ್ಪೇಶಿ ಓಡಿಹೋಗಿ ಗುಂಡಿ ಒತ್ತಿದ ಮೇಲೇ ಅದು ಬಾಯಿ ಮುಚ್ಚಿದ್ದು.

"ಅದೊಂದು ಐಬು ಉಳಿದೈತೆ," ಎಂದ ಅವನು ತಲೆ ಕೆರೆಯುತ್ತ. "'ಸಾಕು ನಿಲ್ಸು' ಅಂತ ಬರೆದಿದ್ದ ಜಾಗವೂ ಸವೆದೋಗೈತೆ. ಅಲ್ಲಿ ಏನು ತುಂಬಬೇಕೋ ಇನ್ನೂ ಹೊಳೆದಿಲ್ಲ. ಭಾನುವಾರ ಚಿಪ್ಪು ಕಿತ್ತು ನೋಡ್ತೀನಿ."

ಓಬಕ್ಕ ವಾಪಸ್ಸು ಬಂದು ಪರದೆಯ ಮೂಲೆಯಲ್ಲಿದ್ದ ಹೃದಯಗಳನ್ನೇ ನೋಡುತ್ತಿದ್ದಳು.

"ನಂಗೂ ಮೂರೇ ಇದ್ವು ಕಣಲೇ. ಎರಡು ಹೋದ್ವು."

ಹೋದದ್ದು ಹೀಗೆ. ಪುರಸಭೆಯವರು ಹೊಸದಾಗಿ ಬೆರಳೊತ್ತುವ ಹಾಜರಿ ಮಿಷಿನ್ನು ತಂದು ಗೋಡೆಗೆ ಹೊಡೆದಿದ್ದರು. ಪೌರಕಾರ್ಮಿಕರನ್ನು ಖಾಯಂ ಮಾಡುವ ಪಟ್ಟಿಯೂ ಅದೇ ಹೊತ್ತಿಗೆ ಹೊರಟಿತ್ತು. ಮೂರು ಕೆಂಪು ಗೆರೆ, ಅಂದರೆ ಮೂರು ಗೈರುಹಾಜರಿ ಬಿದ್ದವರ ಹೆಸರು ಪಟ್ಟಿಯಿಂದ ಹಾರಿಹೋಗುತ್ತದೆ. ಹತ್ತೊಂಬತ್ತು ವರ್ಷದಲ್ಲಿ ಓಬಕ್ಕ ಗೈರಾದದ್ದು ತಾಯಿ ತೀರಿಕೊಂಡ ದಿನ ಮಾತ್ರ. ಅವತ್ತೂ ಸಂಜೆ ಬಂದು ಮಾರ್ಕೆಟ್ ಗುಡಿಸಿದ್ದಳು. ಆದರೆ ಪೊರಕೆ, ಫಿನಾಯಿಲು, ಬ್ಲೀಚಿಂಗ್ ಪುಡಿ, ಊರಿನವರ ಒಡೆದ ಗಾಜು ಎಲ್ಲ ಸೇರಿ ಅವಳ ಬೆರಳಿನ ಗೆರೆಗಳನ್ನು ನುಣ್ಣಗೆ ತಿಂದುಹಾಕಿದ್ದವು. ಊರಿಗೆ ಅವಳ ಬೆರಳು ಬೇಕಿತ್ತು, ಮಿಷಿನ್ನಿಗೆ ಗೆರೆ ಬೇಕಿತ್ತು. ಅವಳು ಕೊಡಬಹುದಾದದ್ದು ಒಂದನ್ನು ಮಾತ್ರ. ಎರಡು ದಿನ ಮಿಷಿನ್ನು ಅವಳನ್ನು ಗುರುತಿಸಲೇ ಇಲ್ಲ. ಮುಖಾಮುಖಿ ನಿಂತವಳನ್ನು ಗೈರು ಎಂದು ಬರೆದುಕೊಂಡಿತು. ಸೋಮವಾರ ಜಿಲ್ಲೆಯಿಂದ ಮೇಡಂ ಬಂದು ಪಟ್ಟಿ ತೆಗೆದುಕೊಂಡು ಹೋಗುವವರಿದ್ದರು. ಉಳಿದದ್ದು ಅದೊಂದು ಬೆಳಗ್ಗೆ.

*

ಭಾನುವಾರ ಬೆಳಗ್ಗೆ ದಫೇದಾರ್ ಪಾಲಾಕ್ಷಪ್ಪ ತಾನೇ ಹಾಜರಿ ಮಿಷಿನ್ನನ್ನು ಟವೆಲ್ಲಿನಲ್ಲಿ ಸುತ್ತಿಕೊಂಡು ಬಂದ. ಪೌರಕಾರ್ಮಿಕರ ಮೇಲುಸ್ತುವಾರಿ ಅವನದು; ಕಸದ ಕಂಟ್ರಾಕ್ಟರನ ಬಲಗೈ. ಓಬಕ್ಕನ ಮನೆಯ ಹೊಸ್ತಿಲು ಮಾತ್ರ ತುಳಿಯಲಿಲ್ಲ; ಬೀದಿಯಲ್ಲೇ ನಿಂತು ಕೈ ಚಾಚಿದ.

"ಲೇ ತಿಪ್ಪೇಶಿ, ಇದಕ್ಕೆ ಗಂಟಲು ಕಟ್ಟೈತೆ. 'ಧನ್ಯವಾದ' ಅನ್ನೋದು ಕೆಮ್ಮಿದಂಗೆ ಕೇಳ್ತದೆ. ನಾಳೆ ಮೇಡಂ ಬರ್ತಾರೆ, ಸಂಜೆಯೊಳಗೆ ರೆಡಿ ಮಾಡು."

"ಮಿಷಿನ್ನು ನಮ್ಮ ಮನೆಯೊಳಗೆ ಬರಬಹುದು, ನೀವು ಬರಬಾರದಾ ದಫೇದಾರ್ರೇ?" ಎಂದಳು ಓಬಕ್ಕ.

"ನಂಗೆ ಟೈಮಿಲ್ಲವ್ವ," ಎಂದು ಅವನು ನಡೆದೇಬಿಟ್ಟ.

ತಿಪ್ಪೇಶಿ ಮಿಷಿನ್ನು ಬಿಚ್ಚಿದವನೇ ಕುಣಿದಾಡಿದ. "ಅಕ್ಕಾ, ಇದರಾಗೂ ನನ್ನ ಆಟದ ಜಾತಿ ಚಿಪ್ಪೇ ಐತೆ!"

"ಚಿಪ್ಪಿಗೂ ಜಾತಿ ಐತೇನೋ? ಹಂಗಾದ್ರೆ ಅದನ್ನ ಮುಟ್ಟೋ ಮುಂಚೆ ದಫೇದಾರನ್ನ ಕೇಳು."

"ತಮಾಷೆ ಅಲ್ಲಕ್ಕ, ಕಾಲೂ ಅಷ್ಟೇ! ನೋಡು, ಆಟದಾಗೆ ಕಾಸಿನ ತಂತಿ ಬರೋ ಕಾಲಿಗೇ ಇದರಾಗೆ ಅಲುಗಾಟದ ತಂತಿ ಬಂದೈತೆ. ಯಾರಾದ್ರೂ ಪೆಟ್ಟಿಗೆ ಗುದ್ದಿದ್ರೆ ಗೊತ್ತಾಗಲಿ ಅಂತ."

ಅವನು ಎರಡೂ ಚಿಪ್ಪು ಕಿತ್ತು, ಉಜ್ಜಿ, ಸ್ಟೀಲು ತಟ್ಟೆಯಲ್ಲಿ ಅಕ್ಕಪಕ್ಕ ಮಲಗಿಸಿದ. ಎರಡೂ ಒಂದೇ ಥರ, ಅವಳಿ ಹುಳುಗಳು. ಗುರುತಿಗೆ ಇರಲಿ ಎಂದು ಕನ್ನಡಿಯ ಹತ್ತಿರ ಇದ್ದ ಓಬಕ್ಕನ ಬೊಟ್ಟಿನ ಹಾಳೆಯಿಂದ ಕೊನೆಯ ಕೆಂಪು ಬೊಟ್ಟು ಕಿತ್ತು ಆಟದ ಚಿಪ್ಪಿಗೆ ಅಂಟಿಸಿ, ಬೆಸುಗೆಯ ತಂತಿ ತರಲು ಅಂಗಡಿಗೆ ಹೋದ. ಅಕ್ಕನಿಗೆ ಹೇಳಿ ಹೋಗಬೇಕು ಎಂಬ ಬುದ್ಧಿ ಅವನ ಹಣೆಯಲ್ಲಿ ಬರೆದಿರಲಿಲ್ಲ.

ಓಬಕ್ಕ ಜೊತೆಗಾತಿ ಕೆಂಚಮ್ಮನ ಮೊಮ್ಮಗಳಿಗೆ ಹೆಸರಿಡುವುದಕ್ಕೆ ಹೊರಟಿದ್ದಳು. ಮುಖ ತೊಳೆದು ಬಂದು ನೋಡಿದರೆ ಬೊಟ್ಟಿನ ಹಾಳೆ ಖಾಲಿ! ತಟ್ಟೆಯಲ್ಲಿ ಕಪ್ಪು ಹುಳುವೊಂದು ಅವಳ ಬೊಟ್ಟು ಇಟ್ಟುಕೊಂಡು ಮದುಮಗಳ ಹಾಗೆ ಮಲಗಿದೆ! "ಇವನ ಕಂಪ್ಯೂಟರಿಗಿಷ್ಟು!" ಎಂದು ಗೊಣಗಿ, ಅದನ್ನು ಕಿತ್ತು ತನ್ನ ಹಣೆಗೆ ಇಟ್ಟುಕೊಂಡು ಹೋದಳು. ಊಟ ಮುಗಿಸಿ ಬಂದು ಮುಖ ತೊಳೆಯುವಾಗ, ಎಲ್ಲ ಹೆಂಗಸರೂ ಕನ್ನಡಿಗೆ ಅಂಟಿಸುವ ಹಾಗೆ, ಬೊಟ್ಟನ್ನು ತಗೊಂಡ ಜಾಗಕ್ಕೇ ವಾಪಸ್ಸು ಅಂಟಿಸಿದಳು. ತಗೊಂಡ ಜಾಗ ಎಡಗಡೆಯ ಹುಳವೋ ಬಲಗಡೆಯದೋ? ಹುಳಕ್ಕೆ ಹುಳ. ಹತ್ತಿರದ್ದಕ್ಕೆ ಅಂಟಿಸಿದಳು.

ಸಂಜೆ ತಿಪ್ಪೇಶಿ ಬೊಟ್ಟಿನ ಚಿಪ್ಪನ್ನು ಆಟದ ಪೆಟ್ಟಿಗೆಗೂ ಬೋಳು ಚಿಪ್ಪನ್ನು ಹಾಜರಿ ಮಿಷಿನ್ನಿಗೂ ಕೂರಿಸಿ, ಬೆಸೆದು, ಮುಚ್ಚಳ ಹಾಕುತ್ತಿದ್ದಂತೆ ಕರೆಂಟು ಹೋಯಿತು. ಪಾಲಾಕ್ಷಪ್ಪ ಕಾಯಲಿಲ್ಲ; ಪರೀಕ್ಷೆ ಇಲ್ಲದೆಯೇ ಎತ್ತಿಕೊಂಡು ಹೋದ.

*

ಸೋಮವಾರ ಬೆಳಗಿನ ಐದೂವರೆಗೆ ಮೂವತ್ತೆಂಟು ಹೆಂಗಸರು ಮಿಷಿನ್ನಿನ ಮುಂದೆ ಸಾಲು ನಿಂತರು. ಓಬಕ್ಕ ಬೇಕೆಂತಲೇ ಕೊನೆಯಲ್ಲಿ ನಿಂತು, ಬಲಗೈ ಹೆಬ್ಬೆಟ್ಟಿಗೆ ಕೊಬ್ಬರಿ ಎಣ್ಣೆ ತಿಕ್ಕುತ್ತಿದ್ದಳು. ಗೆರೆ ಚಿಗುರೊಡೆದರೂ ಒಡೆದೀತು!

ಮೊದಲು ಕೆಂಚಮ್ಮ ಬೆರಳಿಟ್ಟಳು.

"ಪಿಯೂಂ!"

ಗುಂಡು ಹಾರಿದ ಸದ್ದಿಗೆ ಕೆಂಚಮ್ಮ ಎರಡು ಹೆಜ್ಜೆ ಹಿಂದಕ್ಕೆ ಹಾರಿದಳು. "ಯವ್ವಾ! ನನ್ನ ಮೇಲೆ ಗುಂಡು ಹಾರಿಸ್ತು!"

"ಸತ್ತಿಲ್ಲ ತಾನೇ? ಮುಂದಕ್ಕೆ ಹೋಗು!" ಎಂದ ಪಾಲಾಕ್ಷಪ್ಪ. "ರಿಪೇರಿಯವನು ಏನೋ ಹೊಸ ದನಿ ಹಾಕವ್ನೆ."

ಪಿಯೂಂ! ಪಿಯೂಂ! ಸಾಲು ಮುಂದೆ ಹೋಯಿತು. ಬೀದಿ ನಾಯಿಗಳು ಊರು ಬಿಟ್ಟವು. ಓಬಕ್ಕ ಮಾತ್ರ ಎಣ್ಣೆ ತಿಕ್ಕುವುದು ಬಿಟ್ಟು ಕಿವಿಗೊಟ್ಟಳು. ಈ ಪಿಯೂಂ ಅವಳಿಗೆ ಗೊತ್ತು! ಇದು ಅವಳ ನಡುಮನೆಯ ಪಿಯೂಂ! ಬೊಟ್ಟು... ಹುಳ... ಅಯ್ಯೋ ಕರ್ಮವೇ!

ಅವಳ ಸರದಿ ಬಂತು. ಬೆರಳಿಟ್ಟಳು.

ಢಂ!

"ಇನ್ನೊಂದು ಸಲ ಇಡು," ಎಂದ ಪಾಲಾಕ್ಷಪ್ಪ, ನಗು ತಡೆದುಕೊಂಡು.

ಢಂ!

"ಎಣ್ಣೆ ಒರೆಸಿ ಇಡು ಓಬಕ್ಕ," ಎಂದು ಕೆಂಚಮ್ಮ ತನ್ನ ಸೆರಗಿನಲ್ಲಿ ಅವಳ ಬೆರಳು ಒರೆಸಿದಳು. ಓಬಕ್ಕ ಕಣ್ಣು ಮುಚ್ಚಿ ಒತ್ತಿದಳು.

ಢಂ! ಅಳುಮುಂಜಿ ರಾಗ ಎದ್ದಿತು. ಪರದೆ ಮೇಲೆ ಅವಳ ಹೆಸರಿನ ಮುಂದೆ ಮೂರನೇ ಕೆಂಪು ಗೆರೆ ನಿಧಾನಕ್ಕೆ ಮೂಡತೊಡಗಿತು.

"ಮುಗೀತು ನಿನ್ನ ಆಟ," ಎಂದ ಪಾಲಾಕ್ಷಪ್ಪ. "ಹತ್ತೊಂಬತ್ತು ವರ್ಷ ಮಾಡಿದ್ದು ಸಾಕು, ಮನೇಲಿ ಕೂತ್ಕೋ."

"ಕಣ್ಣೆದುರಿಗೆ ನಿಂತೀನಲ್ಲ! ನೀವೇ ನೋಡ್ತಿದ್ದೀರಲ್ಲ!"

"ನಾನು ನೋಡಿದ್ರೆ ಏನು ಬಂತವ್ವ? ಮಿಷಿನ್ನು ನೋಡಬೇಕಲ್ಲ!"

ಆಗ ಮಿಷಿನ್ನಿನೊಳಗಿಂದ ತಿಪ್ಪೇಶಿ ಆರ್ಭಟಿಸಿದ: "ಹತ್ತೂ... ಒಂಬತ್ತೂ... ಕಾಸು ಹಾಕಯ್ಯಾ, ಜೀವ ಉಳಿಸಿಕೊಳ್ಳಯ್ಯಾ!"

"ಯಾವನಲೇ ಅದು! ನಾನು ಕಾಸು ತಿಂತೀನಿ ಅಂತ ಊರಿಗೆಲ್ಲ ಸಾರ್ತೀಯಾ?" ಪಾಲಾಕ್ಷಪ್ಪನ ಮುಖ ಕೆಂಪಾಯಿತು. ಅವನು ಕೈ ಎತ್ತಿ ಮಿಷಿನ್ನಿನ ಕಪಾಳಕ್ಕೆ ಬೀಸಿದ.

ಠಿಣ್!

ಮೂಡುತ್ತಿದ್ದ ಕೆಂಪು ಗೆರೆ ಅಳಿಸಿಹೋಯಿತು. 'ಓಬಳಮ್ಮ ಡಿ., ಹಾಜರು' ಎಂದು ಓಬಕ್ಕನ ಪೂರ್ತಿ ಹೆಸರಿನ ಹಸಿರು ಅಕ್ಷರ ಬೆಳಗಿತು. ಅಲುಗಾಟದ ತಂತಿಯನ್ನು ಚಿಪ್ಪು ಕಾಸಿನ ತಂತಿ ಎಂದೇ ತಿಳಿದಿತ್ತು. ಒಂದು ಏಟು ಅಂದರೆ ಒಂದು ಕಾಸು, ಒಂದು ಕಾಸು ಅಂದರೆ ಪಟ್ಟಿಯಲ್ಲಿ ಇನ್ನೂ ಹಾಜರಾಗದ ಒಂದು ಜೀವ!

ಮೂವತ್ತೆಂಟು ಹೆಂಗಸರು ಕೇಕೆ ಹಾಕಿದರು. ಪಾಲಾಕ್ಷಪ್ಪ ಇನ್ನೊಂದು ಬಾರಿಸಿದ. ಠಿಣ್! 'ವಿರೂಪಾಕ್ಷ ಕೆ., ಹಾಜರು.' ಮತ್ತೊಂದು. ಠಿಣ್! 'ಜಯಣ್ಣ ಎಂ., ಹಾಜರು.'

"ಯಾರೇ ಇವ್ನು ವಿರೂಪಾಕ್ಷ?" ಎಂದಳು ಕೆಂಚಮ್ಮ.

"ನಾ ಎಂದೂ ಕಂಡಿಲ್ಲ. ಯಾವ ಬೀದಿ ಗುಡಿಸ್ತಾನೋ!" ಎಂದಳು ಓಬಕ್ಕ.

ಪಾಲಾಕ್ಷಪ್ಪನಿಗೆ ಬೆವರು ಕಿತ್ತುಬಂತು. ಆ ಹೆಸರುಗಳು ದಿನಾ ಹೆಂಗಸರು ಪೊರಕೆ ಹಿಡಿದು ಹೋದ ಮೇಲೆ ಹಾಜರಾಗುತ್ತಿದ್ದ ಹೆಸರುಗಳು. ಅವನು ಹೆಸರು ಅಳಿಸಲೆಂದು ಹೊಡೆದ, ಬಾಯಿ ಮುಚ್ಚಿಸಲೆಂದು ಹೊಡೆದ, ಸಿಟ್ಟಿಗೆ ಹೊಡೆದ. ಏಟಿಗೊಂದರಂತೆ ಹನ್ನೊಂದು ಹೆಸರು ಎದ್ದು ನಿಂತವು. ಪಟ್ಟಿ ಮುಗಿಯಿತು. ಆಗ ಮಿಷಿನ್ನು ಕಾಸು ಬಿದ್ದರೂ ಗುಂಡಿ ಒತ್ತದ ಹನ್ನೊಂದು ಆಟಗಾರರನ್ನು ಕರೆಯಲು ಶುರುಮಾಡಿತು.

"ಬಾರಯ್ಯಾ ವೀರಾ! ಕಾಸು ಬಿದ್ದೈತೆ, ಬಂದು ಒತ್ತಯ್ಯಾ!"

*

ಜಿಲ್ಲೆಯ ಮೇಡಂ ಜೀಪಿನಿಂದ ಇಳಿದಾಗ ಅರ್ಧ ಊರು ಅಲ್ಲಿ ನೆರೆದಿತ್ತು. ಹಾಲಿನವರು, ಪೇಪರಿನವರು, ವಾಕಿಂಗು ಹೊರಟಿದ್ದ ಲಾಯರು. ಮಿಷಿನ್ನಿನ ದನಿ ಎಷ್ಟು ಏರಿತ್ತೆಂದರೆ ಗೋಡೆಯ ಸುಣ್ಣ ಉದುರುತ್ತಿತ್ತು. ಪ್ಲಗ್ಗು ಕಿತ್ತರೂ ಒಳಗೆ ಬ್ಯಾಟರಿ ಇತ್ತು. ಮುಚ್ಚಳದ ಬೀಗದ ಕೈ ನಿನ್ನೆಯ ಟವೆಲ್ಲಿನ ಜೊತೆ ಧೋಬಿಗೆ ಹೋಗಿತ್ತು.

"ಏನ್ರೀ ಇದು?" ಮೇಡಂ ಕಿವಿ ಮುಚ್ಚಿಕೊಂಡು ಕಿರುಚಿದರು.

"ಹಾಜರಿ ಮೇಡಂ!" ಪಾಲಾಕ್ಷಪ್ಪನೂ ಕಿರುಚಿದ.

ಅಷ್ಟರಲ್ಲಿ ತಿಪ್ಪೇಶಿ ಲುಂಗಿ ಎತ್ತಿ ಕಟ್ಟಿಕೊಂಡು ಓಡಿ ಬಂದ. ಕೈಯಲ್ಲಿ ಬೊಟ್ಟಿಟ್ಟ ಚಿಪ್ಪು. "ಅಕ್ಕಾ, ಅದಲಿಬದಲಿ ಆಗೈತೆ! ನನ್ನ ಗೇಮಿಗೆ ಕಾಸು ಹಾಕಿದ್ರೆ 'ಯಂತ್ರವನ್ನು ಗುದ್ದಬೇಡಿ' ಅಂತದೆ! ಗುಂಡು ಹಾರಿಸಿದ್ರೆ 'ಧನ್ಯವಾದಗಳು, ನಿಮ್ಮ ಕರ್ತವ್ಯ ಶುಭವಾಗಲಿ' ಅಂತದೆ!"

"ಅದಿರಲಿ, ಇದನ್ನ ನಿಲ್ಸು!" ಮೇಡಂ ಕೂಗಿದರು.

ತಿಪ್ಪೇಶಿ ತನ್ನದೇ ದನಿ ಕೇಳಿ ಒಂದು ಗಳಿಗೆ ಹೆಮ್ಮೆಯಿಂದ ನಿಂತ. ಆಮೇಲೆ ಪರದೆ ನೋಡಿದ. "ನನ್ನ ಕೈಯಾಗಿಲ್ಲ ಮೇಡಂ. 'ಸಾಕು ನಿಲ್ಸು' ಅನ್ನೋ ಪಾಠ ಇದಕ್ಕಿಲ್ಲ. ಕಾಸು ಹಾಕಿದೋರು ಬಂದು ಒತ್ತೋವರ್ಗೂ ಕರೀತಾನೇ ಇರ್ತದೆ. ಈ ಹನ್ನೊಂದು ಜನ ಬೆರಳಿಟ್ರೆ ಸಾಕು."

"ಕರೆಸಿ ಅವರನ್ನ," ಎಂದರು ಮೇಡಂ.

"ಅವ್ರು... ರಾಜಕಾಲುವೆ ಒಳಗಡೆ ಇಳಿದವ್ರೆ ಮೇಡಂ!"

"ಈ ದನಿ ಕಾಲುವೆ ತಳಕ್ಕೂ ಕೇಳುತ್ತೆ. ಐದು ನಿಮಿಷದೊಳಗೆ ಬರದಿದ್ದರೆ ಈ ಹನ್ನೊಂದು ಜನ ಇಲ್ಲವೇ ಇಲ್ಲ ಅಂತ ಬರೀತೀನಿ."

"ಬಾರಯ್ಯಾ ವೀರಾ!" ಎಂದಿತು ಮಿಷಿನ್ನು. ಲಾಯರ ಕನ್ನಡಕ ಕಳಚಿ ಬಿತ್ತು.

ಪಾಲಾಕ್ಷಪ್ಪ ಆಕಾಶ ನೋಡಿದ, ಭೂಮಿ ನೋಡಿದ, ಪೊರಕೆ ಇಡುವ ಶೆಡ್ಡಿನೊಳಕ್ಕೆ ಓಡಿ ಒಂದು ಬಿಸ್ಕತ್ ಡಬ್ಬಿ ಬಗಲಲ್ಲಿ ಇಟ್ಟುಕೊಂಡು ಬಂದ. "ಎಲ್ಲಾ ದಯವಿಟ್ಟು ಆ ಕಡೆ ತಿರುಗಿ! ಅವ್ರು ಬರ್ತಾವ್ರೆ! ಬಲು ನಾಚಿಕೆ ಸ್ವಭಾವದೋರು, ಹೆಣ್ಣುಮಕ್ಕಳು ನೋಡ್ತಿದ್ರೆ ಹಾಜರಿ ಹಾಕಲ್ಲ!"

ಮೇಡಂ ಏನೋ ಯೋಚಿಸಿ, ಸುಮ್ಮನೆ ತಿರುಗಿ ನಿಂತರು. ಊರೂ ತಿರುಗಿತು. ಬೆನ್ನ ಹಿಂದೆ ಡಬ್ಬಿಯ ಮುಚ್ಚಳ ತೆಗೆದ ಸದ್ದು. ಆಮೇಲೆ ಮಿಷಿನ್ನಿನ ಕಹಳೆ: "ಪೆಪ್ಪೆರೆಪೆಪ್ಪೇ! ಭಲೇ ವೀರಾ, ಬಂದೆಯಾ!"

ಒಂದು. ಎರಡು. ಮೂರು. ನಾಲ್ಕನೇ ವೀರನಿಗೆ ಓಬಕ್ಕ ತಡೆಯಲಾರದೆ ತಿರುಗಿದಳು. ಅವಳ ಹಿಂದೆ ಮೇಡಮ್ಮೂ ತಿರುಗಿದರು.

ಪಾಲಾಕ್ಷಪ್ಪನ ಕೈಯಲ್ಲಿ ಬೆರಳುಗಳಿದ್ದವು. ಅವನವಲ್ಲ. ರಬ್ಬರಿನವು! ಒಂದೊಂದಕ್ಕೂ ಹೆಸರಿನ ಚೀಟಿ, ಒಂದೊಂದರಲ್ಲೂ ಎಣಿಸಬಹುದಾದಷ್ಟು ಸ್ಪಷ್ಟ ಗೆರೆ. ಯಾವ ಗಾಜೂ ಕೊಯ್ಯದ, ಯಾವ ಚರಂಡಿಗೂ ಇಳಿಯದ, ಮಕ್ಕಳ ಕೆನ್ನೆಯಂಥ ಬೆರಳು. ಅರ್ಧದಲ್ಲಿ ನಿಲ್ಲಿಸುವ ಹಾಗೂ ಇರಲಿಲ್ಲ; ಉಳಿದ ಏಳು ಜನರನ್ನು ಮಿಷಿನ್ನು ಕರೆಯುತ್ತಲೇ ಇತ್ತು.

"ಇನ್ನೇಳೇ ಮೇಡಂ, ಮುಗಿಸಿಬಿಡ್ತೀನಿ!" ಎಂದು ಅವನು ಅಳುಮೋರೆಯಲ್ಲಿ ಒತ್ತುತ್ತ ಹೋದ. ಪೆಪ್ಪೆರೆಪೆಪ್ಪೇ! ಭಲೇ ವೀರಾ! ಹನ್ನೊಂದನೆಯದಕ್ಕೆ ಮಿಷಿನ್ನು ಗೆಲುವಿನ ರಾಗ ಪೂರ್ತಿ ಬಾರಿಸಿ, ತೃಪ್ತಿಯಿಂದ ಸುಮ್ಮನಾಯಿತು.

ಆ ಮೌನದಲ್ಲಿ ಮೇಡಂ ಕೇಳಿದರು: "ಹನ್ನೊಂದು ಜನ ಬಂದು ಹೋದರು, ಒಬ್ಬರ ಚಪ್ಪಲಿ ಸದ್ದೂ ಕೇಳಲಿಲ್ಲವಲ್ಲ ಪಾಲಾಕ್ಷಪ್ಪ?"

ಆಮೇಲೆ ಅವರು ಓಬಕ್ಕನ ಕೈ ಹಿಡಿದು ಹೆಬ್ಬೆಟ್ಟು ತಿರುಗಿಸಿ ನೋಡಿದರು. ಹೊಳೆಯ ಕಲ್ಲಿನಷ್ಟು ನುಣುಪು.

"ಇದರಲ್ಲಿ ಗೆರೆಯೇ ಇಲ್ಲವಲ್ಲಮ್ಮ."

"ಇಲ್ಲಿಲ್ಲ ಮೇಡಂ. ನನ್ನ ಗೆರೆಯೆಲ್ಲ ಈ ಊರ ಬೀದಿ ಮೇಲೈತೆ. ಬೇಕಂದ್ರೆ ಮಿಷಿನ್ನು ಕಿತ್ಕೊಂಡು ಬಂದು ಅಲ್ಲಿಟ್ಟು ನೋಡಿ."

ಮೇಡಂ ಕಡತ ತರಿಸಿಕೊಂಡರು. ಪಟ್ಟಿಯಲ್ಲಿದ್ದ ಹಳೆಯ ಎರಡು ಕೆಂಪು ಗೆರೆಗಳನ್ನೂ ತಮ್ಮ ಪೆನ್ನಿನಿಂದ ಹೊಡೆದುಹಾಕಿ ಸಹಿ ಮಾಡಿದರು.

*

ಪುರಸಭೆ ನಿಯಮ ಬಿಟ್ಟು ಹೋಗುವುದಿಲ್ಲ. ಹನ್ನೊಂದು ನೌಕರರಿಗೂ ವಿಚಾರಣೆಗೆ ಬರಲು ಮೂರು ಸಲ ನೋಟಿಸು ಹೋಯಿತು. ಬರಲಿಲ್ಲ. ಶಿಸ್ತು ಉಲ್ಲಂಘನೆಗಾಗಿ ಹನ್ನೊಂದೂ ಜನರನ್ನು ವಜಾ ಮಾಡಿ, ಆದೇಶದ ಪ್ರತಿಯನ್ನು ಬಿಸ್ಕತ್ ಡಬ್ಬಿಗೆ ಅಂಟಿಸಲಾಯಿತು. ಪಾಲಾಕ್ಷಪ್ಪ ಅಮಾನತಾದ; ಹನ್ನೊಂದು ಸಂಬಳ ನುಂಗಿದ ಕಂಟ್ರಾಕ್ಟರನಿಗೆ ಏನೂ ಆಗಲಿಲ್ಲ, ಅವನು ಬೇರೆ ಊರಿನಲ್ಲಿ ಬೇರೆ ಹೆಸರಿನಲ್ಲಿ ಬೆಳಗುತ್ತಿದ್ದಾನೆ. ಹೆಂಗಸರು ಈಗ ಹಾಜರಿ ಪುಸ್ತಕದ ಮುಂದೆ ನಿಂತು, ಹೆಸರು ಕೂಗಿದಾಗ 'ಹಾಜರ್' ಎನ್ನುತ್ತಾರೆ.

ತಿಪ್ಪೇಶಿ ಮಾತ್ರ ಇವತ್ತಿಗೂ ಯೋಚಿಸುತ್ತಾನೆ: "ಬೊಟ್ಟು ಇಟ್ಟದ್ದು ಆಟದ ಚಿಪ್ಪಿಗೇ ಅಕ್ಕ, ನನ್ನ ಕೈಯಾರೆ. ಹೆಂಗೆ ತಪ್ಪಿತು?"

"ನಿನ್ನ ಬುದ್ಧಿ ಸವೆದಿರಬೇಕು ಬಿಡು," ಎನ್ನುತ್ತಾಳೆ ಓಬಕ್ಕ, ಒಲೆಯ ಕಡೆ ತಿರುಗಿಕೊಂಡು. ಈಗ ಅವಳು ಬೊಟ್ಟಿನ ಹಾಳೆಯನ್ನು ಅಕ್ಕಿ ಡಬ್ಬದೊಳಗೆ ಇಡುತ್ತಾಳೆ.

ಖಾಯಂ ಆದೇಶ ಬಂದ ದಿನ ಓಬಕ್ಕ ಹೊಸ ಸೀರೆ ಉಟ್ಟು ಕಚೇರಿಗೆ ಹೋದಳು. ಗುಮಾಸ್ತ ಕಾಗದ ಮುಂದೆ ಸರಿಸಿ, ಶಾಯಿಯ ಪ್ಯಾಡು ತೆರೆದ. "ಆದೇಶ ಮುಟ್ಟಿದೆ ಅಂತ ಇಲ್ಲಿ ಹೆಬ್ಬೆಟ್ಟು ಒತ್ತಮ್ಮ." ಒತ್ತಿದಳು. ಕಾಗದದ ಮೇಲೆ ಹುಣಸೆ ಬೀಜದಂಥ ಒಂದು ಮಸಿ ಮಚ್ಚೆ ಬಿತ್ತು, ಅಷ್ಟೇ.

"ಗೆರೇನೇ ಬೀಳಲಿಲ್ವಲ್ಲಮ್ಮ! ಗೆರೆ ಇಲ್ಲದೆ ಆದೇಶ ಕೊಡೋಕೆ ಬರಲ್ಲ," ಎಂದು ಗುಮಾಸ್ತ ತಲೆ ಕೆರೆದುಕೊಂಡ.

ಓಬಕ್ಕ ಬೀರುವಿನ ಮೇಲೆ ಅರಗಿನ ಮುದ್ರೆ ಹಾಕಿ ಇಟ್ಟಿದ್ದ ಬಿಸ್ಕತ್ ಡಬ್ಬಿಯನ್ನೊಮ್ಮೆ ನೋಡಿದಳು. "ಗೆರೆನೇ ಬೇಕಂದ್ರೆ ಅವರಲ್ಲಿ ಯಾರನ್ನಾದ್ರೂ ಕರೀರಿ ಸ್ವಾಮಿ. ಪಾಪ, ಕೆಲಸ ಹೋಗೈತೆ, ಹನ್ನೊಂದೂ ಜನ ಖಾಲಿ ಕೂತವ್ರೆ."